ಪಟೇಲ್ ಶಾಟ್, ಸಂಘಂ ಶಾಟ್: ಗಡಿಯ ಕೂಲಿಕಾರರು ಮತ್ತು ಚುನಾವಣೆಯ ಸಿನಿಮಾ

ತೆಲಂಗಾಣದ ಜಹೀರಾಬಾದ್ ಸುತ್ತಲ ಹಳ್ಳಿಗಳ ಕೆಲವು ಮಹಿಳೆಯರು 1990ರ ದಶಕದಲ್ಲಿ ವಿಡಿಯೊ ಕ್ಯಾಮೆರಾ ಹಿಡಿಯಲು ಕಲಿತರು. ಅವರಲ್ಲಿ ಹೆಚ್ಚಿನವರು ದಲಿತರು, ಹೊಲದ ಕೂಲಿಕಾರರು, ಶಾಲೆಗೆ ಹೋದವರಲ್ಲ. ಕಲಿಸಲು ಬಂದವರು ಹೇಳಿದ ಇಂಗ್ಲಿಷ್ ಪದಗಳು ಅವರ ಬಾಯಿಗೆ ಹೊಂದಲಿಲ್ಲ. ಹಾಗಾಗಿ ಕ್ಯಾಮೆರಾ ಕೋನಗಳಿಗೆ ತಮ್ಮದೇ ಹೆಸರು ಇಟ್ಟುಕೊಂಡರು. ಮೇಲಿನಿಂದ ಕೆಳಕ್ಕೆ ನೋಡುವ ಚಿತ್ರ ಪಟೇಲ್ ಶಾಟ್, ಏಕೆಂದರೆ ಊರಿನ ಪಟೇಲ ಎಲ್ಲರನ್ನೂ ನೋಡುವುದು ಹಾಗೆ. ಕೆಳಗಿನಿಂದ ಮೇಲಕ್ಕೆ ನೋಡುವುದು ಜೀತದಾಳಿನ ಶಾಟ್, ಏಕೆಂದರೆ ಜೀತದವರು ಧಣಿಯನ್ನು ನೋಡುವುದು ಹಾಗೆ. ಕಣ್ಣಿಗೆ ಕಣ್ಣು ಕೂಡಿಸಿ ತೆಗೆಯುವ ಚಿತ್ರ ಸಂಘಂ ಶಾಟ್. ಅವರ ಮಹಿಳಾ ಸಂಘದ ಸಭೆಯಲ್ಲಿ ಎಲ್ಲರೂ ನೆಲದ ಮೇಲೆ ಕುಳಿತು ಒಂದೇ ಮಟ್ಟದಲ್ಲಿ ಮಾತನಾಡುತ್ತಾರೆ.

ಚುನಾವಣೆ ಬಂದಾಗ ಬಡವರ ಮುಂದೆ ಇಡುವ ಸಿನಿಮಾ, ವಿಡಿಯೊ, ರೀಲ್‌ಗಳನ್ನು ಅಳೆಯಲು ಇದಕ್ಕಿಂತ ಒಳ್ಳೆಯ ಅಳತೆಗೋಲು ನನಗೆ ಸಿಕ್ಕಿಲ್ಲ. ನಾಯಕನನ್ನು ಜೀತದಾಳಿನ ಶಾಟ್‌ನಲ್ಲಿ ತೋರಿಸಿ, ಜನರನ್ನು ಪಟೇಲ್ ಶಾಟ್‌ನಲ್ಲಿ ತೋರಿಸುವುದು ಪ್ರಚಾರ ಚಿತ್ರದ ಹಳೆಯ ರೂಢಿ. ಈ ರೂಢಿ ಜಹೀರಾಬಾದ್, ನಾರಾಯಣಖೇಡ, ತಾಂಡೂರು ಎಂಬ ಮೂರು ಗಡಿ ಊರುಗಳಿಗೆ ಹೇಗೆ ಬಂತು, ಅಲ್ಲಿನವರು ಅದಕ್ಕೆ ಏನು ಉತ್ತರ ಕೊಟ್ಟರು ಎಂಬುದು ಈ ಲೇಖನದ ವಿಷಯ. ಕರಾವಳಿಯ ಬ್ಯಾರಿಗಳಿಗೆ ಆ ಊರುಗಳ ಸುದ್ದಿ ಏಕೆ ಎಂದು ಕೇಳುವವರಿಗೆ ಉತ್ತರ 1956ರಲ್ಲಿದೆ.

ಒಂದೇ ದಿನ ಎಳೆದ ಎರಡು ಗೆರೆ

1956ರ ನವೆಂಬರ್ 1ರಂದು ಭಾಷಾವಾರು ರಾಜ್ಯಗಳು ಹುಟ್ಟಿದಾಗ ದಕ್ಷಿಣ ಕನ್ನಡದ ಕಾಸರಗೋಡು ತಾಲೂಕು ಕೇರಳಕ್ಕೆ ಹೋಯಿತು. ಮಂಜೇಶ್ವರ, ಉಪ್ಪಳ, ಕುಂಬಳೆಯ ನಮ್ಮ ಸಂಬಂಧಿಕರು ರಾತ್ರಿ ಮಲಗಿ ಬೆಳಿಗ್ಗೆ ಏಳುವಷ್ಟರಲ್ಲಿ ಬೇರೆ ರಾಜ್ಯದವರಾದರು. ಅದೇ ದಿನ, ಅದೇ ಕಾಯ್ದೆಯಲ್ಲಿ, ಹೈದರಾಬಾದ್ ರಾಜ್ಯವೂ ಹಂಚಿಹೋಯಿತು. ಬೀದರ್ ಜಿಲ್ಲೆಯ ಒಂದು ಭಾಗ ಕನ್ನಡ ನಾಡಿಗೆ ಬಂತು. ಆದರೆ ಅದೇ ಜಿಲ್ಲೆಯ ನಾರಾಯಣಖೇಡ ತಾಲೂಕು, ನಿರ್ಣಾ ಸರ್ಕಲ್ ಬಿಟ್ಟು ಉಳಿದ ಜಹೀರಾಬಾದ್ ತಾಲೂಕು, ಬೀದರ್ ತಾಲೂಕಿನ ನ್ಯಾಲಕಲ್ ಸರ್ಕಲ್ ಆಂಧ್ರಪ್ರದೇಶದ ಮೆದಕ್ ಜಿಲ್ಲೆಗೆ ಸೇರಿದವು. ಕಲಬುರಗಿ ಜಿಲ್ಲೆಯ ತಾಂಡೂರು ಮತ್ತು ಕೊಡಂಗಲ್ ತಾಲೂಕುಗಳೂ ಅತ್ತ ಹೋದವು. ಇಂದು ಜಹೀರಾಬಾದ್, ನಾರಾಯಣಖೇಡ ಸಂಗಾರೆಡ್ಡಿ ಜಿಲ್ಲೆಯಲ್ಲಿವೆ. ತಾಂಡೂರು ವಿಕಾರಾಬಾದ್ ಜಿಲ್ಲೆಯಲ್ಲಿದೆ.

ಗೆರೆ ಎಳೆದರೂ ಮಾತು ಬದಲಾಗಲಿಲ್ಲ. ಅಲ್ಲಿಯ ಒಂದು ಸಂತೆಯಲ್ಲಿ ಕನ್ನಡ, ತೆಲುಗು, ದಕ್ಖನಿ ಉರ್ದು, ಮರಾಠಿ ಮತ್ತು ತಾಂಡಾಗಳ ಲಂಬಾಣಿ ಮಾತು ಒಟ್ಟಿಗೆ ಕೇಳುತ್ತವೆ. ಮನೆಯಲ್ಲಿ ಬ್ಯಾರಿ, ಪೇಟೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ, ಗಡಿ ದಾಟಿದರೆ ಮಲಯಾಳಂ ಆಡುವ ನಮಗೆ ಇದು ಹೊಸದೇನಲ್ಲ. ದುಡಿಮೆಯೂ ಬೆರಕೆಯೇ. ತಾಂಡೂರಿನಲ್ಲಿ ಕಲ್ಲುಗಣಿ ಮತ್ತು ಕಲ್ಲಿಗೆ ಪಾಲಿಶ್ ಹಿಡಿಯುವ ಕೆಲಸ, ಸಿಮೆಂಟ್ ಕಾರ್ಖಾನೆ, 2022ರಲ್ಲಿ ಜಿಐ ಮಾನ್ಯತೆ ಪಡೆದ ತೊಗರಿ. ಜಹೀರಾಬಾದಿನಲ್ಲಿ ಕಬ್ಬು, ಜೋಳ, ಈಚೆಗೆ ಟ್ರ್ಯಾಕ್ಟರ್ ಕಾರ್ಖಾನೆ. ನಾರಾಯಣಖೇಡದ ತಾಂಡಾಗಳಿಂದ ಕಬ್ಬು ಕಡಿಯಲು ಕುಟುಂಬ ಸಮೇತ ಗುಳೆ ಹೋಗುವವರು ಬಹಳ. ಇವರೇ ಈ ಕ್ಷೇತ್ರಗಳ ಮತದಾರರು. ಅವರಲ್ಲಿ ಅನೇಕರಿಗೆ ಕರಪತ್ರ ಓದಲು ಬಾರದು. ಹಾಗಾಗಿ ಪಕ್ಷಗಳಿಗೆ ಚಿತ್ರ ಬೇಕಾಯಿತು.

ಸರ್ಕಾರದ ಪರದೆ

ಈ ಭಾಗದ ಹಳ್ಳಿಗೆ ಟಿವಿ ಮೊದಲು ಬಂದದ್ದು ಸರ್ಕಾರದ ಕೈಯಿಂದ. 1975ರ ಆಗಸ್ಟ್ 1ರಂದು ಸೈಟ್ ಎಂಬ ಉಪಗ್ರಹ ಟಿವಿ ಪ್ರಯೋಗ ಶುರುವಾಯಿತು. ಅಮೆರಿಕದ ಎಟಿಎಸ್-6 ಉಪಗ್ರಹವನ್ನು ಒಂದು ವರ್ಷದ ಮಟ್ಟಿಗೆ ಎರವಲು ಪಡೆದು ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಕಾರ್ಯಕ್ರಮ ಕಳಿಸಲಾಯಿತು. ಕರ್ನಾಟಕದಲ್ಲಿ ಕಲಬುರಗಿ, ರಾಯಚೂರು, ವಿಜಯಪುರ ಜಿಲ್ಲೆಗಳು, ಆಂಧ್ರದಲ್ಲಿ ಮೆದಕ್ ಸೇರಿ ಕೆಲವು ಜಿಲ್ಲೆಗಳು ಇದರಲ್ಲಿದ್ದವು. ಊರಿಗೊಂದು ಟಿವಿ, ಸಂಜೆ ಎಲ್ಲರೂ ಅದರ ಮುಂದೆ. ಕೃಷಿ, ಆರೋಗ್ಯ, ಕುಟುಂಬ ಯೋಜನೆಯ ಪಾಠ ಅದರಲ್ಲಿ.

ಸೈಟ್ ಚುನಾವಣಾ ಪ್ರಚಾರವಾಗಿರಲಿಲ್ಲ. ಆದರೆ ಅದು ಆರಂಭವಾದಾಗ ತುರ್ತು ಪರಿಸ್ಥಿತಿ ಹೇರಿ ಐದು ವಾರ ಕಳೆದಿತ್ತು. ಪತ್ರಿಕೆಗಳ ಬಾಯಿ ಕಟ್ಟಿದ್ದ ಕಾಲದಲ್ಲಿ ಹಳ್ಳಿಯವರು ನೋಡಿದ ಪರದೆಯಲ್ಲಿ ಮಾತನಾಡುವವರು ದಿಲ್ಲಿಯವರು, ಕೇಳುವವರು ಹಳ್ಳಿಯವರು ಎಂಬುದು ಮೊದಲೇ ತೀರ್ಮಾನವಾಗಿತ್ತು. ಆ ಪ್ರಯೋಗದಲ್ಲಿ ಕೆಲಸ ಮಾಡಿದವರಲ್ಲಿ ಮೈಸೂರಿನಲ್ಲಿ ಹುಟ್ಟಿದ ಪಿ.ವಿ. ಸತೀಶ್ ಎಂಬ ದೂರದರ್ಶನದ ನಿರ್ಮಾಪಕರೂ ಇದ್ದರು. ಮುಂದೆ ಜಹೀರಾಬಾದಿನ ಮಹಿಳೆಯರಿಗೆ ಕ್ಯಾಮೆರಾ ದೊರೆತದ್ದು ಅವರ ಮೂಲಕವೇ. ಆ ಕಥೆಗೆ ಮೊದಲು ರಥಗಳ ಕಾಲವನ್ನು ನೋಡಬೇಕು.

ರಥ ಏರಿದ ಸಿನಿಮಾ

1982ರ ಮಾರ್ಚ್ 29ರಂದು ಎನ್.ಟಿ. ರಾಮರಾವ್ ತೆಲುಗು ದೇಶಂ ಪಕ್ಷ ಕಟ್ಟಿದರು. ಹಳೆಯ ಷೆವ್ರೊಲೆ ವ್ಯಾನೊಂದನ್ನು ಬದಲಾಯಿಸಿ ‘ಚೈತನ್ಯ ರಥಂ’ ಎಂದು ಹೆಸರಿಟ್ಟು ಊರೂರು ತಿರುಗಿದರು. ಮಗ ಹರಿಕೃಷ್ಣ ಅದನ್ನು ಓಡಿಸುತ್ತಿದ್ದರು. ವ್ಯಾನಿನ ಮೇಲೆ ನಿಂತು ಮಾತನಾಡಿದವರನ್ನು ಜನ ಅದಕ್ಕೂ ಮೊದಲು ಕೃಷ್ಣನಾಗಿ, ರಾಮನಾಗಿ ಟೆಂಟಿನಲ್ಲಿ ನೋಡಿದ್ದರು. ಅದೇ ವರ್ಷ ತೆರೆ ಕಂಡ ‘ಬೊಬ್ಬಿಲಿ ಪುಲಿ’, ‘ಜಸ್ಟಿಸ್ ಚೌದರಿ’, ‘ನಾ ದೇಶಂ’ ಚಿತ್ರಗಳಲ್ಲಿ ಅನ್ಯಾಯದ ವಿರುದ್ಧ ಗುಡುಗುವ ನಾಯಕನೂ ಅವರೇ. ಯಾವುದು ಸಿನಿಮಾ, ಯಾವುದು ಪ್ರಚಾರ ಎಂದು ಬಿಡಿಸಿ ಹೇಳುವುದು ಕಷ್ಟವಾಗಿತ್ತು. ಕಿಲೋಗೆ ಎರಡು ರೂಪಾಯಿಗೆ ಅಕ್ಕಿ ಎಂಬ ಭರವಸೆ ಕೂಲಿಯವರ ಹೊಟ್ಟೆಗೆ ನೇರವಾಗಿ ತಟ್ಟಿತು. 1983ರ ಜನವರಿಯ ಚುನಾವಣೆಯಲ್ಲಿ 294 ಸ್ಥಾನಗಳಲ್ಲಿ 200ಕ್ಕೂ ಹೆಚ್ಚು ಆ ಪಕ್ಷಕ್ಕೆ ಬಂದವು. ಅದೇ ಜನವರಿಯಲ್ಲಿ ಕರ್ನಾಟಕದಲ್ಲೂ ಮೊದಲ ಕಾಂಗ್ರೆಸೇತರ ಸರ್ಕಾರ ಬಂತು.

ಆದರೆ ಆ ರಥದ ಘೋಷಣೆ ತೆಲುಗರ ಆತ್ಮಗೌರವ. ನಾರಾಯಣಖೇಡದ ಕನ್ನಡ ಕೂಲಿಕಾರನಿಗೆ, ತಾಂಡೂರಿನ ಉರ್ದು ಮಾತನಾಡುವ ಗಣಿ ಕೆಲಸಗಾರನಿಗೆ, ತಾಂಡಾದ ಲಂಬಾಣಿ ಹೆಂಗಸಿಗೆ ಎರಡು ರೂಪಾಯಿ ಅಕ್ಕಿ ತನ್ನದೆನಿಸಿತು. ಗೌರವದ ಮಾತು ಎಷ್ಟರ ಮಟ್ಟಿಗೆ ತನ್ನದು ಎಂಬ ಪ್ರಶ್ನೆಗೆ ಆ ರಥದಲ್ಲಿ ಜಾಗ ಇರಲಿಲ್ಲ. ಪ್ರಚಾರ ಚಿತ್ರ ಬಡವನ ಹೊಟ್ಟೆಯನ್ನು ಬೇಗ ಗುರುತಿಸುತ್ತದೆ. ಅವನ ಬಾಸೆಯನ್ನು ಗುರುತಿಸಲು ತಡಮಾಡುತ್ತದೆ.

ವಿಡಿಯೊ ಕ್ಯಾಸೆಟ್ ಬಂದ ಮೇಲೆ ನಟನಿಲ್ಲದೆಯೂ ರಥ ಓಡಬಹುದಾಯಿತು. 1987ರ ಹರಿಯಾಣ ಚುನಾವಣೆಯಲ್ಲಿ ದೇವಿಲಾಲ್ ಅವರ ಪ್ರಚಾರಕ್ಕೆ ವಿಡಿಯೊ ವ್ಯಾನ್‌ಗಳು ಬಳಕೆಯಾದವು. ಮುಂದಿನ ಲೋಕಸಭಾ ಚುನಾವಣೆಗಳಲ್ಲಿ ಬಿಜೆಪಿಗಾಗಿ ದಿಲ್ಲಿಯ ಜೈನ್ ಸ್ಟುಡಿಯೊ ‘ವಿಡಿಯೊ ರಥ’ಗಳನ್ನು ಸಿದ್ಧಮಾಡಿತು. ಒಂದೇ ಭಾಷಣ ಒಂದೇ ರಾತ್ರಿ ನೂರು ಊರುಗಳಲ್ಲಿ ನಡೆಯತೊಡಗಿತು. ವ್ಯಾನ್ ಹೊರಟುಹೋದ ಮೇಲೆ ಪ್ರಶ್ನೆ ಕೇಳೋಣವೆಂದರೆ ಊರಿನಲ್ಲಿ ಯಾರೂ ಉಳಿಯುತ್ತಿರಲಿಲ್ಲ.

ಕಾನೂನು ಹಿಂದೆ ಹಿಂದೆ ಬಂತು

ಮತದಾರನ ಮೇಲೆ ಹೇಗೆಂದರೆ ಹಾಗೆ ಪ್ರಭಾವ ಬೀರಬಾರದು ಎಂಬ ಕಾನೂನಿನ ದೊಡ್ಡ ಪಾಠವೊಂದು ತಾಂಡೂರಿನಲ್ಲೇ ಆಗಿದೆ. 1967ರಲ್ಲಿ ತಾಂಡೂರಿನಿಂದ ಗೆದ್ದ ಮರ್ರಿ ಚೆನ್ನಾರೆಡ್ಡಿ ಅವರ ವಿರುದ್ಧ ಸೋತ ಅಭ್ಯರ್ಥಿ ವಂದೇಮಾತರಂ ರಾಮಚಂದ್ರ ರಾವ್ ಕೋರ್ಟಿಗೆ ಹೋದರು. ಚುನಾವಣಾ ಭ್ರಷ್ಟಾಚಾರದ ಕಾರಣಕ್ಕೆ 1968ರಲ್ಲಿ ಹೈಕೋರ್ಟ್ ಆ ಆಯ್ಕೆಯನ್ನು ರದ್ದುಮಾಡಿತು. ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಆಗ ಕೇಂದ್ರ ಮಂತ್ರಿಯಾಗಿದ್ದ ಚೆನ್ನಾರೆಡ್ಡಿ ಹುದ್ದೆ ಬಿಡಬೇಕಾಯಿತು. ಮರುವರ್ಷ ಅವರು ತೆಲಂಗಾಣ ಪ್ರಜಾ ಸಮಿತಿಯ ನಾಯಕರಾದದ್ದು, ಹತ್ತು ವರ್ಷದ ಬಳಿಕ ಮುಖ್ಯಮಂತ್ರಿಯಾದದ್ದು ಬೇರೆ ಕಥೆ.

ಭಾಷಣ, ಕರಪತ್ರಗಳಿಗೆ ಹೀಗೆ ಲೆಕ್ಕ ಇತ್ತು. ಚಿತ್ರಕ್ಕೆ? ಪ್ರಜಾಪ್ರಾತಿನಿಧ್ಯ ಕಾಯ್ದೆಯ 126ನೇ ಕಲಂ, ಮತದಾನ ಮುಗಿಯುವ ಮುಂಚಿನ 48 ಗಂಟೆಗಳಲ್ಲಿ ಸಿನಿಮಾ, ಟಿವಿ ಅಥವಾ ಅಂಥ ಸಾಧನದಲ್ಲಿ ಚುನಾವಣಾ ವಿಷಯ ತೋರಿಸುವುದನ್ನು ತಡೆಯುತ್ತದೆ. ಅದಕ್ಕೂ ಮುಂಚೆ ಏನು ಎಂಬ ಪ್ರಶ್ನೆ ಇತ್ಯರ್ಥವಾದದ್ದು ತೆಲುಗು ಚಾನೆಲ್ ಒಂದರ ಪ್ರಕರಣದಿಂದ. ಟಿವಿಯಲ್ಲಿ ರಾಜಕೀಯ ಜಾಹೀರಾತು ಬೇಡ ಎಂಬ ಕೇಬಲ್ ನಿಯಮವನ್ನು ಆಂಧ್ರ ಹೈಕೋರ್ಟ್ 2004ರ ಮಾರ್ಚಿನಲ್ಲಿ ತೆಗೆದುಹಾಕಿತು. ಜೆಮಿನಿ ಟಿವಿ ಇದರಲ್ಲಿ ಕಕ್ಷಿ. ಕೇಂದ್ರ ಸರ್ಕಾರ ಮೇಲ್ಮನವಿ ಹೋದಾಗ ಸುಪ್ರೀಂ ಕೋರ್ಟ್ ಏಪ್ರಿಲ್ 13ರಂದು ಮಧ್ಯದ ದಾರಿ ಹಿಡಿಯಿತು. ಜಾಹೀರಾತು ಹಾಕಬಹುದು, ಆದರೆ ಮೊದಲು ಸಮಿತಿಯೊಂದು ನೋಡಿ ಪ್ರಮಾಣಪತ್ರ ಕೊಡಬೇಕು. ತೆಲಂಗಾಣ ಭಾಗದ ಮತದಾನಕ್ಕೆ ಆಗ ಒಂದೇ ವಾರ ಉಳಿದಿತ್ತು. 2013ರಲ್ಲಿ ಚುನಾವಣಾ ಆಯೋಗ ಇದೇ ನಿಯಮವನ್ನು ಸಾಮಾಜಿಕ ಜಾಲತಾಣದ ಜಾಹೀರಾತಿಗೂ ವಿಸ್ತರಿಸಿತು.

ಆದರೆ ಎರಡು ಬಾಗಿಲು ತೆರೆದೇ ಉಳಿದವು. ವಿಧಾನಸಭಾ ಅಭ್ಯರ್ಥಿ 40 ಲಕ್ಷ, ಲೋಕಸಭಾ ಅಭ್ಯರ್ಥಿ 95 ಲಕ್ಷ ರೂಪಾಯಿ ಮೀರಿ ಖರ್ಚು ಮಾಡುವಂತಿಲ್ಲ. ಅವರ ಪಕ್ಷಕ್ಕೆ ಮಾತ್ರ ಮಿತಿಯೇ ಇಲ್ಲ. ದೊಡ್ಡ ಚಿತ್ರ ಮಾಡಿಸುವುದು ಪಕ್ಷವೇ. ಇನ್ನೊಂದು, ಜಾಹೀರಾತು ಎಂದು ಹಣ ಕೊಟ್ಟು ಹಾಕಿದ್ದಕ್ಕೆ ಪ್ರಮಾಣಪತ್ರ ಬೇಕು. ‘ನೋಡಿ, ಹಂಚಿ’ ಎಂದು ಒಬ್ಬರಿಂದೊಬ್ಬರಿಗೆ ವಾಟ್ಸ್ಆ್ಯಪ್‌ನಲ್ಲಿ ಹೋಗುವುದನ್ನು ಹಿಡಿಯುವವರಿಲ್ಲ.

ಕೂಲಿಯವರ ಕೈಗೆ ಕ್ಯಾಮೆರಾ

ಇನ್ನು ಪಸ್ತಾಪುರಕ್ಕೆ ಬರೋಣ. ಜಹೀರಾಬಾದ್ ಪಕ್ಕದ ಈ ಊರಿನಲ್ಲಿ ಪಿ.ವಿ. ಸತೀಶ್ ಮತ್ತು ಗೆಳೆಯರು 1983ರಲ್ಲಿ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿ ಕಟ್ಟಿದರು. ಬೀಳುಬಿದ್ದ ಹೊಲದಲ್ಲಿ ಜೋಳ, ಸಜ್ಜೆ, ನವಣೆ ಬೆಳೆಯುವುದು, ಬೀಜ ಉಳಿಸುವುದು, ಊರಿನಲ್ಲೇ ಕಾಳು ಕೂಡಿಡುವುದು ಮಹಿಳಾ ಸಂಘಗಳ ಕೆಲಸ. ಪ್ರತಿ ವರ್ಷ ಸಂಕ್ರಾಂತಿಗೆ ಶುರುವಾಗುವ ‘ಪಾತ ಪಂಟಲ ಜಾತರ’, ಅಂದರೆ ಹಳೆಯ ಬೆಳೆಗಳ ಜಾತ್ರೆಯಲ್ಲಿ ಸಿಂಗರಿಸಿದ ಎತ್ತಿನ ಗಾಡಿಗಳು ಬೀಜ ಹೊತ್ತು ಊರಿಂದ ಊರಿಗೆ ಸಾಗುತ್ತವೆ. ಚುನಾವಣಾ ರಥ ಮಾತನಾಡಿ ಮುಂದೆ ಹೋಗುತ್ತದೆ. ಈ ಗಾಡಿಗಳು ನಿಂತ ಊರಿನಲ್ಲಿ ಜನ ಕೂತು ಚರ್ಚೆ ಮಾಡುತ್ತಾರೆ.

ಸೈಟ್ ಕಾಲದಿಂದ ಟಿವಿಯನ್ನು ಒಳಗಿನಿಂದ ಬಲ್ಲ ಸತೀಶ್ 1990ರ ದಶಕದಲ್ಲಿ ಈ ಮಹಿಳೆಯರಿಗೆ ಕ್ಯಾಮೆರಾ ಕಲಿಸಲು ವ್ಯವಸ್ಥೆ ಮಾಡಿದರು. 2001ರಲ್ಲಿ ಅದು ಮಹಿಳೆಯರದೇ ಕಮ್ಯುನಿಟಿ ಮೀಡಿಯಾ ಟ್ರಸ್ಟ್ ಆಯಿತು. 2002ರ ಮಾರ್ಚಿನಲ್ಲಿ ಬಿಟಿ ಹತ್ತಿಗೆ ದೇಶದಲ್ಲಿ ಅನುಮತಿ ಸಿಕ್ಕಿತು. ಬೀಜ ಕಂಪನಿಗಳ ಪ್ರಚಾರದಲ್ಲಿ ಹಸನ್ಮುಖಿ ರೈತರು ಕಂಡರು. ಈ ಮಹಿಳೆಯರು ವರಂಗಲ್ಲಿಗೆ ಹೋದರು. ಬಿಟಿ ಬಿತ್ತಿದ ಅದೇ ಸಣ್ಣ ರೈತರ ಹೊಲಗಳಿಗೆ ಬಿತ್ತನೆಯಿಂದ ಕೊಯ್ಲಿನವರೆಗೆ ಮತ್ತೆ ಮತ್ತೆ ಹೋಗಿ ಚಿತ್ರ ತೆಗೆದರು. ವರಂಗಲ್ ರೈತರಿಗೆ ಬಿಟಿ ಹತ್ತಿಯ ಮೇಲೆ ಕೋಪ ಏಕೆ ಎಂದು ಕೇಳುವ ಅವರ ಚಿತ್ರ 2003ರಲ್ಲಿ ಬಂತು. ಹೊರದೇಶಗಳಲ್ಲೂ ತೋರಿಸಲ್ಪಟ್ಟಿತು. 2005ರಲ್ಲಿ ಮೂರು ವರ್ಷಗಳ ಅನುಭವ ಹೇಳುವ ಇನ್ನೊಂದು ಚಿತ್ರ ಬಂತು. ಅದೇ ವರ್ಷ ಕೇಂದ್ರದ ಅನುಮತಿ ಸಮಿತಿ, ಮೊದಲು ಬಂದ ಮೂರು ಬಿಟಿ ತಳಿಗಳ ಅನುಮತಿಯನ್ನು ಆಂಧ್ರದಲ್ಲಿ ಮುಂದುವರಿಸಲು ನಿರಾಕರಿಸಿತು. ಅದಕ್ಕೆ ಕಾರಣ ಈ ಚಿತ್ರ ಎಂದು ನಾನು ಹೇಳುವುದಿಲ್ಲ. ಬಿಟಿ ಹತ್ತಿಯ ವಾದವೂ ಅಲ್ಲಿಗೆ ಮುಗಿಯಲಿಲ್ಲ. ಆದರೆ ರೈತನನ್ನು ನಗಿಸಿ ಒಂದು ದಿನ ಚಿತ್ರ ತೆಗೆಯುವುದಕ್ಕೂ, ಅವನ ಹೊಲಕ್ಕೆ ಇಡೀ ಹಂಗಾಮು ಹೋಗಿ ಚಿತ್ರ ತೆಗೆಯುವುದಕ್ಕೂ ಇರುವ ವ್ಯತ್ಯಾಸವನ್ನು ಆ ಮಹಿಳೆಯರು ತೋರಿಸಿಕೊಟ್ಟರು. ಸಂಘಂ ಶಾಟ್ ಎಂದರೆ ಅದು.

2008ರ ಅಕ್ಟೋಬರ್ 15ರಂದು ಜಹೀರಾಬಾದ್ ಬಳಿಯ ಮಾಚನೂರಿನಲ್ಲಿ ಅವರ ಸಂಘಂ ರೇಡಿಯೊ ಶುರುವಾಯಿತು. ಇಲ್ಲಿ ಒಂದು ವಿಚಿತ್ರ ಇದೆ. ಸಮುದಾಯ ರೇಡಿಯೊ ಕುರಿತ 2006ರ ಸರ್ಕಾರಿ ನೀತಿ ಸುದ್ದಿ ಮತ್ತು ರಾಜಕೀಯ ಕಾರ್ಯಕ್ರಮಗಳಿಗೆ ಅವಕಾಶ ಕೊಡುವುದಿಲ್ಲ. ಪಕ್ಷಗಳು ಹಣ ಕೊಟ್ಟು ಕೂಲಿಕಾರರಿಗೆ ರಾಜಕೀಯ ಹೇಳಬಹುದು. ಕೂಲಿಕಾರರು ತಮ್ಮ ರೇಡಿಯೊದಲ್ಲಿ ತಮಗೆ ತಾವೇ ರಾಜಕೀಯ ಹೇಳಿಕೊಳ್ಳುವಂತಿಲ್ಲ. ಸತೀಶ್ 2023ರ ಮಾರ್ಚಿನಲ್ಲಿ ತೀರಿಕೊಂಡರು.

ನಾಯಕನ ಜೀವನವೇ ಸಿನಿಮಾ

2019ರ ಚುನಾವಣೆಯ ಹೊತ್ತಿಗೆ ಪ್ರಚಾರ ಚಿತ್ರ ಮತ್ತೆ ಥಿಯೇಟರಿಗೆ ಮರಳಿತು. ವೈ.ಎಸ್. ರಾಜಶೇಖರ ರೆಡ್ಡಿ 2003ರ ಏಪ್ರಿಲಿನಲ್ಲಿ ಚೇವೆಳ್ಳದಿಂದ ಪಾದಯಾತ್ರೆ ಹೊರಟಿದ್ದರು. ತಾಂಡೂರು ಇಂದು ಇರುವುದು ಅದೇ ಚೇವೆಳ್ಳ ಲೋಕಸಭಾ ಕ್ಷೇತ್ರದಲ್ಲಿ. ಆ ಯಾತ್ರೆಯ ಮೇಲೆ ‘ಯಾತ್ರ’ ಚಿತ್ರ 2019ರ ಫೆಬ್ರವರಿಯಲ್ಲಿ ಬಂತು. ನಾಯಕನ ಪಾತ್ರ ನಮ್ಮ ಮನೆಗಳಲ್ಲೂ ಪರಿಚಿತರಾದ ಮಮ್ಮುಟ್ಟಿ ಅವರದು. ಬಡವರ ಕಷ್ಟ ಕೇಳುವ ನಾಯಕನ ಕಥೆ ಅದು. ಮನಮುಟ್ಟುವ ದೃಶ್ಯಗಳೂ ಇವೆ. ಆದರೂ ಕಷ್ಟ ಕೇಳುವವನು ಚಿತ್ರದುದ್ದಕ್ಕೂ ಇರುತ್ತಾನೆ, ಕಷ್ಟ ಹೇಳುವವರು ಒಂದೊಂದು ಗಳಿಗೆ ಬಂದು ಹೋಗುತ್ತಾರೆ. ಕೆ. ಚಂದ್ರಶೇಖರ ರಾವ್ ಅವರ ಕುರಿತ ‘ಉದ್ಯಮ ಸಿಂಹಂ’ ಮಾರ್ಚ್ ಕೊನೆಯಲ್ಲಿ ತೆರೆ ಕಂಡಿತು. ನೀತಿಸಂಹಿತೆ ಇರುವಾಗ ಇಂಥ ಜೀವನಚಿತ್ರ ತೋರಿಸಬಾರದೆಂದು ಚುನಾವಣಾ ಆಯೋಗ ಆದೇಶ ಹೊರಡಿಸಿದ್ದು ಏಪ್ರಿಲ್ 10ರಂದು. ತೆಲಂಗಾಣದಲ್ಲಿ ಮತದಾನ ಏಪ್ರಿಲ್ 11ರಂದು. ಬಾಗಿಲು ಹಾಕುವಾಗ ಮನೆ ಖಾಲಿಯಾಗಿತ್ತು.

2023ರ ವಿಧಾನಸಭಾ ಚುನಾವಣೆಯಲ್ಲಿ ಚಿತ್ರ ಇನ್ನೂ ಗಿಡ್ಡವಾಯಿತು, ಗಡಿಯನ್ನೂ ದಾಟಿತು. ಕರ್ನಾಟಕದ ಗ್ಯಾರಂಟಿಗಳೇ ಅಲ್ಲಿನ ಕಾಂಗ್ರೆಸ್ಸಿನ ಬಂಡವಾಳ. ಅಕ್ಟೋಬರ್ 28ರಂದು ತಾಂಡೂರಿನಲ್ಲಿ ಡಿ.ಕೆ. ಶಿವಕುಮಾರ್ ಭಾಷಣ ಮಾಡಿದರು. ಕರ್ನಾಟಕದಲ್ಲಿ ರೈತರಿಗೆ ಐದು ಗಂಟೆ ವಿದ್ಯುತ್ ಕೊಡುತ್ತೇವೆ ಎಂದ ಅವರ ಮಾತಿನ ತುಣುಕನ್ನು ಬಿಆರ್‌ಎಸ್‌ನವರು ಹಿಡಿದುಕೊಂಡರು. ತಮ್ಮದು 24 ಗಂಟೆ ಎಂಬ ಹೋಲಿಕೆ ಮಾಡಿ ಹಂಚಿದರು. ಇಲ್ಲಿ ಹೆಮ್ಮೆಯಾದದ್ದು ಅಲ್ಲಿ ಹೀಯಾಳಿಕೆಯಾಯಿತು. ನವೆಂಬರ್ 27ರಂದು, ಮತದಾನಕ್ಕೆ ಮೂರು ದಿನ ಇರುವಾಗ, ತೆಲಂಗಾಣದ ಪತ್ರಿಕೆಗಳಲ್ಲಿ ತನ್ನ ಸಾಧನೆಯ ಜಾಹೀರಾತು ನಿಲ್ಲಿಸುವಂತೆ ಆಯೋಗ ಕರ್ನಾಟಕ ಸರ್ಕಾರಕ್ಕೆ ಸೂಚಿಸಿತು. ಗಡಿಯ ಕೂಲಿಕಾರನಿಗೆ ಮಾತ್ರ ಜಾಹೀರಾತಿನ ಅಗತ್ಯ ಇರಲಿಲ್ಲ. ಕರ್ನಾಟಕದಲ್ಲಿ ಕರೆಂಟ್ ಎಷ್ಟು ಹೊತ್ತು ಇರುತ್ತದೆ, ಬಸ್ಸಿನಲ್ಲಿ ಹೆಂಗಸರು ಟಿಕೆಟ್ ಇಲ್ಲದೆ ಹೋಗುತ್ತಾರೋ ಎಂದು ಬೀದರಿನ, ಸೇಡಂನ ನೆಂಟರನ್ನು ಕೇಳಿದರೆ ಸಾಕಿತ್ತು. ಫಲಿತಾಂಶ ಬಂದಾಗ ತಾಂಡೂರು, ನಾರಾಯಣಖೇಡ ಕಾಂಗ್ರೆಸ್ಸಿಗೆ, ಜಹೀರಾಬಾದ್ ಬಿಆರ್‌ಎಸ್‌ಗೆ ಹೋಯಿತು. ಒಂದೇ ಗಡಿ, ಒಂದೇ ತುಣುಕುಗಳು, ಬೇರೆ ಬೇರೆ ತೀರ್ಮಾನ. ಮತದಾರ ತೋರಿಸಿದ್ದನ್ನೆಲ್ಲ ನುಂಗುವವನಲ್ಲ.

ಇತಿಹಾಸವೇ ಪ್ರಚಾರವಾದಾಗ

ಈಗ ನಮಗೆ ಹತ್ತಿರದ, ನೋವಿನ ಮಾತು. 2024ರ ಮಾರ್ಚ್ 15ರಂದು ‘ರಜಾಕಾರ್’ ಎಂಬ ತೆಲುಗು ಚಿತ್ರ ಬಂತು. ನಿರ್ಮಾಪಕ ಗೂಡೂರು ನಾರಾಯಣ ರೆಡ್ಡಿ ಬಿಜೆಪಿ ನಾಯಕರು. ಮರುದಿನವೇ ಲೋಕಸಭಾ ಚುನಾವಣೆ ಘೋಷಣೆಯಾಯಿತು. ಹಿಂದಿನ ಸೆಪ್ಟೆಂಬರಿನಲ್ಲಿ, ವಿಧಾನಸಭಾ ಚುನಾವಣೆಗೆ ಮುಂಚೆ, ಅದರ ಟೀಸರ್ ಬಂದಾಗ ಆಗಿನ ಮಂತ್ರಿ ಕೆ.ಟಿ. ರಾಮರಾವ್ ಇದು ಕೋಮು ಭಾವನೆ ಕೆರಳಿಸುವ ಯತ್ನ ಎಂದು ವಿರೋಧಿಸಿದ್ದರು. ಅದು ಜೀವನಚಿತ್ರ ಅಲ್ಲ, ಇತಿಹಾಸದ ಚಿತ್ರ. ಹಾಗಾಗಿ 2019ರ ಆದೇಶದ ಮಾತು ಅದಕ್ಕೆ ತಟ್ಟುವುದಿಲ್ಲ.

ರಜಾಕಾರರ ಹಿಂಸೆ ನಡೆದದ್ದು ನಿಜ. ಬೀದರ್ ಜಿಲ್ಲೆಯ ಗೋರ್ಟಾದಲ್ಲಿ 1948ರ ಮೇ ತಿಂಗಳಲ್ಲಿ ನಡೆದ ಹತ್ಯಾಕಾಂಡವನ್ನು ಯಾರೂ ಮುಚ್ಚಿಡಬಾರದು. ರಜಾಕಾರರ ವಿರುದ್ಧ ಬರೆದ ‘ಇಮ್ರೋಜ್’ ಪತ್ರಿಕೆಯ ಸಂಪಾದಕ ಶೋಯಬುಲ್ಲಾ ಖಾನ್ ಅವರನ್ನು ಅದೇ ವರ್ಷದ ಆಗಸ್ಟಿನಲ್ಲಿ ಹೈದರಾಬಾದಿನಲ್ಲಿ ಕೊಂದರು. ಅವರು ಮುಸ್ಲಿಮರು. ಸೆಪ್ಟೆಂಬರ್ 13ರಿಂದ 17ರವರೆಗೆ ಸೈನ್ಯದ ಕಾರ್ಯಾಚರಣೆ ನಡೆಯಿತು. ಸೊಲ್ಲಾಪುರದ ಕಡೆಯಿಂದ ಬಂದ ದಳ ಹುಮನಾಬಾದ್, ಜಹೀರಾಬಾದ್ ದಾರಿಯಲ್ಲೇ ರಾಜಧಾನಿಗೆ ಸಾಗಿತು. ಅದರ ನಂತರ ಹಳ್ಳಿಗಳಲ್ಲಿ ಸಾಮಾನ್ಯ ಮುಸ್ಲಿಮರ ಮೇಲೆ ನಡೆದದ್ದೂ ಅಷ್ಟೇ ನಿಜ. ನೆಹರೂ ಸರ್ಕಾರ ಕಳಿಸಿದ ಪಂಡಿತ್ ಸುಂದರಲಾಲ್ ಸಮಿತಿ ಸತ್ತವರನ್ನು 27,000ದಿಂದ 40,000 ಎಂದು ಅಂದಾಜಿಸಿತು. ಹೆಚ್ಚು ನಲುಗಿದ ನಾಲ್ಕು ಜಿಲ್ಲೆಗಳೆಂದು ಉಸ್ಮಾನಾಬಾದ್, ಕಲಬುರಗಿ, ಬೀದರ್, ನಾಂದೇಡ್ ಹೆಸರು ಹೇಳಿತು. ನಮ್ಮ ಮೂರು ಊರುಗಳೂ ಆಗ ಬೀದರ್ ಮತ್ತು ಕಲಬುರಗಿ ಜಿಲ್ಲೆಯಲ್ಲೇ ಇದ್ದವು. ನೆರೆಯ ಮುಸ್ಲಿಮರನ್ನು ಬಚ್ಚಿಟ್ಟು ಉಳಿಸಿದ ಹಿಂದೂಗಳನ್ನೂ, ಮುಸ್ಲಿಂ ನೇಕಾರರನ್ನು ಕಾಪಾಡಿದ ಹಿಂದೂ ನೇಕಾರರನ್ನೂ ಅದೇ ಸಮಿತಿ ದಾಖಲಿಸಿದೆ. ಆ ವರದಿ ದಶಕಗಳ ಕಾಲ ಜನರ ಕೈಗೆ ಸಿಗಲಿಲ್ಲ.

ಇದೇ ಕಾಲವನ್ನು ಬೇರೆ ಕಡೆಯಿಂದ ನೋಡಿದ ಚಿತ್ರವೂ ಇದೆ. 1980ರಲ್ಲಿ ತೆರೆ ಕಂಡ ‘ಮಾ ಭೂಮಿ’. ಗೌತಮ್ ಘೋಷ್ ನಿರ್ದೇಶನ, ಬಿ. ನರಸಿಂಗ ರಾವ್ ನಿರ್ಮಾಣ. ಕೃಷ್ಣ ಚಂದರ್ ಅವರ ಉರ್ದು ಕಾದಂಬರಿ ಅದರ ಮೂಲ. ಮೆದಕ್ ಜಿಲ್ಲೆಯ ಹಳ್ಳಿಯಲ್ಲೇ ಚಿತ್ರೀಕರಿಸಿದ್ದು. ಅದೂ ರಾಜಕೀಯ ಚಿತ್ರವೇ, ಎಡಪಂಥದ ನಿಲುವು ಅದರದು. ಅಲ್ಲಿಯೂ ರಜಾಕಾರರ ಕ್ರೌರ್ಯ ಇದೆ. ಆದರೆ ಜಗಳ ದೊರೆಗೂ ಕೂಲಿಗೂ ನಡುವಿನದು. ಒಂದು ಧರ್ಮದವರಿಗೂ ಇನ್ನೊಂದು ಧರ್ಮದವರಿಗೂ ನಡುವಿನದಲ್ಲ. ಕ್ಯಾಮೆರಾವನ್ನು ಎಲ್ಲಿ ಇಡುತ್ತೇವೆ ಎಂಬುದರ ಮೇಲೆ 1948ರ ಕಥೆ ಹೇಗೆ ಬದಲಾಗುತ್ತದೆ ಎಂದು ಈ ಎರಡು ಚಿತ್ರಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಿದರೆ ತಿಳಿಯುತ್ತದೆ. 2024ರಲ್ಲಿ ಜಹೀರಾಬಾದ್ ಲೋಕಸಭಾ ಕ್ಷೇತ್ರ ಕಾಂಗ್ರೆಸ್ಸನ್ನು, ತಾಂಡೂರು ಸೇರಿದ ಚೇವೆಳ್ಳ ಬಿಜೆಪಿಯನ್ನು ಆರಿಸಿದವು. ಒಂದು ಚಿತ್ರದಿಂದ ಚುನಾವಣೆ ಗೆಲ್ಲುತ್ತಾರೆ ಎನ್ನುವುದು ಸುಲಭದ ಮಾತು. ಆದರೆ ಚುನಾವಣೆ ಮುಗಿದ ಮೇಲೂ ಚಿತ್ರ ಉಳಿಯುತ್ತದೆ. ಮಕ್ಕಳು ಅದನ್ನೇ ಇತಿಹಾಸ ಎಂದು ಕಲಿಯುತ್ತಾರೆ.

ನಮ್ಮ ಮನೆಯ ಮೊರದಲ್ಲಿ

ಜಹೀರಾಬಾದ್ ಲೋಕಸಭಾ ಕ್ಷೇತ್ರದ ಕಾಮಾರೆಡ್ಡಿ ಕಡೆ ಬೀಡಿ ಕಟ್ಟುವ ಹೆಂಗಸರು ಬಹಳ. ತೆಲಂಗಾಣ ಸರ್ಕಾರ ಅವರಿಗೆ 2015ರಲ್ಲಿ ತಿಂಗಳಿಗೆ 1,000 ರೂಪಾಯಿ ಪಿಂಚಣಿ ಕೊಟ್ಟಿತು, 2019ರಲ್ಲಿ ಅದನ್ನು 2,016ಕ್ಕೆ ಏರಿಸಿತು. ಪಿಂಚಣಿ ಬಂದದ್ದು ಒಳ್ಳೆಯದೇ. ಜತೆಗೆ ಬೀಡಿ ಕಟ್ಟುವವಳ ಮುಖ ಪ್ರಚಾರಕ್ಕೆ ಬೇಕಾದ ಮುಖವೂ ಆಯಿತು. ಮೊರ ಮಡಿಲಲ್ಲಿಟ್ಟು ಬೀಡಿ ಕಟ್ಟಿ ಮಕ್ಕಳನ್ನು ಓದಿಸಿದ ಉಮ್ಮಂದಿರು ನಮ್ಮ ಕರಾವಳಿಯ ಎಷ್ಟು ಮನೆಗಳಲ್ಲಿಲ್ಲ? ಅಲ್ಲಿನ ಪ್ರಚಾರ ಚಿತ್ರ ಯಾರನ್ನು ಗುರಿಯಾಗಿಟ್ಟಿದೆಯೋ ಅವರು ನಮ್ಮವರಂಥವರೇ. 2016ರಲ್ಲಿ ಮಂಜೇಶ್ವರದ ಫಲಿತಾಂಶ ನಿಂತದ್ದು 89 ಮತಗಳ ಮೇಲೆ. ಹಾಗಿರುವಾಗ ನಮ್ಮ ಬಾಸೆಯಲ್ಲೂ ಪ್ರಚಾರ ಬರುತ್ತದೆ, ಇನ್ನೂ ಹೆಚ್ಚು ಬರಲಿದೆ. ನಮ್ಮ ಬಾಸೆ ಆಡಿದ ಮಾತ್ರಕ್ಕೆ ಮಾತು ನಮ್ಮದಾಗುವುದಿಲ್ಲ.

ಲಿಪಿ ಇಲ್ಲದ ಬಾಸೆ ಎಂದು ಕರೆಸಿಕೊಂಡ ಬ್ಯಾರಿಗೆ 2007ರಲ್ಲಿ ಅಕಾಡೆಮಿ ಬಂತು. 2011ರ ‘ಬ್ಯಾರಿ’ ಚಿತ್ರ ಮರಾಠಿಯ ‘ದೇವೂಳ್’ ಜತೆಗೆ ರಾಷ್ಟ್ರದ ಅತ್ಯುತ್ತಮ ಕಥಾಚಿತ್ರ ಪ್ರಶಸ್ತಿ ಹಂಚಿಕೊಂಡಿತು. ಅದನ್ನು ಮಾಡಿದ ಸುವೀರನ್ ಕೇರಳದವರು. ನಮ್ಮ ಬಾಸೆಗೆ ಅವರು ಕೊಟ್ಟ ಗೌರವ ದೊಡ್ಡದು. ಇನ್ನು ನಮ್ಮ ಪಾಲಿನ ಕೆಲಸ ಉಳಿದಿದೆ. ಜಹೀರಾಬಾದಿನ ಕೂಲಿ ಮಹಿಳೆಯರು ಕ್ಯಾಮೆರಾ ಕಲಿತಾಗ ಅವರ ಬಳಿ ಇದ್ದದ್ದಕ್ಕಿಂತ ಒಳ್ಳೆಯ ಕ್ಯಾಮೆರಾ ಇಂದು ನಮ್ಮ ಮಕ್ಕಳ ಜೇಬಿನಲ್ಲಿದೆ.

ಮುಂದಿನ ಚುನಾವಣೆಯಲ್ಲಿ ಮನೆಯ ಗ್ರೂಪಿಗೆ ಒಂದು ವಿಡಿಯೊ ಬಂದಾಗ, ಯಾವ ಪಕ್ಷದ್ದೇ ಆಗಲಿ, ಮುಂದೆ ಕಳಿಸುವ ಮೊದಲು ಮಕ್ಕಳ ಜತೆ ಕೂತು ಮೂರು ಪ್ರಶ್ನೆ ಕೇಳೋಣ. ಇದನ್ನು ಮಾಡಿಸಲು ಹಣ ಕೊಟ್ಟವರು ಯಾರು? ಇದರಲ್ಲಿ ಬಡವರು ಮಾತನಾಡುತ್ತಾರೋ, ಅಥವಾ ಬರಿ ಕೈಮುಗಿದು ನಿಲ್ಲುತ್ತಾರೋ? ನೆರೆಯವನನ್ನು ಇದು ನಮ್ಮ ಕಣ್ಣಿನ ಮಟ್ಟದಲ್ಲಿ ತೋರಿಸುತ್ತದೋ, ಕೆಳಗಿಟ್ಟು ತೋರಿಸುತ್ತದೋ? ಈ ಮೂರನ್ನು ಕೇಳಲು ಕಾಲೇಜು ಓದಿರಬೇಕಾಗಿಲ್ಲ. ಪಟೇಲ್ ಶಾಟ್ ಎಂಬ ಹೆಸರಿಟ್ಟವರೂ ಶಾಲೆಗೆ ಹೋದವರಲ್ಲ.